ನಿನ್ನೆ ಮುಂಜಾನೆ ಅಂಗಿ ತೊಡಿಸಿದವರು ಯಾರು?

ಬೌದ್ಧಿಕ ಅಂಗವೈಕಲ್ಯದ ಪ್ರಮಾಣಪತ್ರಕ್ಕಾಗಿ ಹಾವೇರಿ, ಗದಗ ಕಡೆಯಿಂದ ಧಾರವಾಡಕ್ಕೆ ಬರುವ ಪಾಲಕರು ಮೊದಲು ಕೇಳುವುದು ಮಗುವಿನ ಐಕ್ಯೂ (ಬುದ್ಧಿಮತ್ತೆಯ ಅಂಕ) ಎಷ್ಟು ಎಂದು. ಆದರೆ ಉಣ್ಣುವುದು, ತೊಡುವುದು, ಮಾತು, ಹಣದ ವ್ಯವಹಾರ, ನಾಲ್ಕು ಜನರೊಂದಿಗೆ ಬೆರೆಯುವುದು ಮೊದಲಾದ ದಿನನಿತ್ಯದ ನಿರ್ವಹಣೆಗೆ ಈಗ ಹೆಚ್ಚಿನ ತೂಕವಿದೆ. 2013ರಲ್ಲಿ ಬಂದ ಡಿಎಸ್‌ಎಂ-5 (ಅಮೆರಿಕದ ಮನೋವೈದ್ಯರ ಸಂಘದ ರೋಗನಿರ್ಣಯ ಕೈಪಿಡಿ) ತೀವ್ರತೆಯ ಮಟ್ಟವನ್ನು ನಿರ್ಧರಿಸುವುದು ಇದರ ಆಧಾರದಿಂದಲೇ. ನಮ್ಮಲ್ಲಿಯೂ 2018ರ ಕೇಂದ್ರ ಮಾರ್ಗಸೂಚಿಯು ಅಂಗವೈಕಲ್ಯದ ಪ್ರಮಾಣವನ್ನು ವೈನ್‌ಲ್ಯಾಂಡ್ ಸಾಮಾಜಿಕ ಪಕ್ವತೆಯ ಮಾಪನದ ಅಂಕಕ್ಕೆ ಜೋಡಿಸಿತು: 55ರಿಂದ 69 ಬಂದರೆ ಶೇ 50, 70ರಿಂದ 84 ಬಂದರೆ ಶೇ 25. ಅನೇಕ ಸೌಲಭ್ಯಗಳಿಗೆ ಕನಿಷ್ಠ ಶೇ 40 ಬೇಕಾಗಿರುವುದರಿಂದ, ಗಡಿಯಲ್ಲಿರುವ ಮಗುವಿನ ವಿಷಯದಲ್ಲಿ ಒಂದೆರಡು ಉತ್ತರಗಳು ಅತ್ತಿತ್ತ ಆದರೂ ಫಲಿತಾಂಶ ಬದಲಾಗಬಹುದು.

1935ರಲ್ಲಿ ಅಮೆರಿಕದ ಎಡ್ಗರ್ ಡಾಲ್ ರೂಪಿಸಿದ ಈ ಮಾಪನವನ್ನು ನಾಗಪುರದ ಎ.ಜೆ. ಮಾಲಿನ್ ಭಾರತಕ್ಕೆ ಒಗ್ಗಿಸಿದರು. ಹುಟ್ಟಿನಿಂದ 15 ವರ್ಷದವರೆಗಿನ 89 ಅಂಶಗಳು ಅದರಲ್ಲಿವೆ. ಮಗುವಿಗೆ ಪರೀಕ್ಷೆ ಕೊಡುವ ಬದಲು ಮಗುವನ್ನು ಬಲ್ಲವರನ್ನು ವಿಚಾರಿಸುವುದು ಇದರ ಕ್ರಮ. ತೊಡಕು ಹುಟ್ಟುವುದೂ ಅಲ್ಲಿಯೇ. ‘ಅಂಗಿ ತಾನೇ ಹಾಕಿಕೊಳ್ಳುತ್ತಾನೆಯೇ’ ಎಂದರೆ ತಾಯಿ ‘ಹೂಂರಿ’ ಎನ್ನುತ್ತಾರೆ. ‘ನಿನ್ನೆ ಮುಂಜಾನೆ ಯಾರು ಹಾಕಿದ್ರಿ’ ಎಂದು ಕೇಳಿದರೆ, ‘ನಾನ ಹಾಕಿದ್ನಿರಿ, ಸಾಲಿಗೆ ಹೊತ್ತಾಗಿತ್ತು’ ಎಂಬ ಉತ್ತರ ಬರುತ್ತದೆ. ಮೊದಲಿನದು ಮಗುವಿಗೆ ಏನು ಬರುತ್ತದೆ ಎಂಬುದಾಯಿತು, ಎರಡನೆಯದು ಅದು ದಿನವೂ ಏನು ಮಾಡುತ್ತದೆ ಎಂಬುದು. ಅಂಕ ಸಲ್ಲಬೇಕಾದದ್ದು ರೂಢಿಯಲ್ಲಿರುವ ಕೆಲಸಕ್ಕೆ. ಆದ್ದರಿಂದ ಹಿಂದಿನ ದಿನವನ್ನು ಎದ್ದಾಗಿನಿಂದ ಮಲಗುವವರೆಗೆ ಹೇಳಿಸುವುದು ನನ್ನ ಪದ್ಧತಿ. ಸಾಧ್ಯವಾದರೆ ತಂದೆ ಅಥವಾ ಶಿಕ್ಷಕರನ್ನೂ ಬೇರೆಯಾಗಿ ಕೇಳುತ್ತೇನೆ. ಮಾಸಾಶನ ತಪ್ಪೀತೆಂದು ‘ಏನೂ ಬರೂದಿಲ್ರಿ’ ಎನ್ನುವವರೂ ಇದ್ದಾರೆ. ಊರಲ್ಲಿ ಯಾರೋ ಹಾಗೆ ಹೇಳಿಕೊಟ್ಟಿರುತ್ತಾರೆ. ಅವರನ್ನು ಗದರಿಸಿ ಪ್ರಯೋಜನವಿಲ್ಲ. ಮಗು ಬಾಗಿಲಲ್ಲಿ ಚಪ್ಪಲಿ ಬಿಟ್ಟ ರೀತಿ, ನೀರಿನ ಬಾಟಲಿಯ ಮುಚ್ಚಳ ತೆಗೆದ ರೀತಿ ಕಣ್ಣೆದುರಿಗೇ ಇರುತ್ತದೆ.

ಹೆಚ್ಚು ಜಾಗ್ರತೆ ಬೇಡುವುದು, ಅವಕಾಶವೇ ಸಿಗದ ಕಾರಣ ಮಾಡದಿರುವ ಕೆಲಸಗಳ ವಿಷಯ. ಮಾಪನದಲ್ಲಿ ಇದಕ್ಕೆಂದೇ ಪ್ರತ್ಯೇಕ ಗುರುತಿದೆ. ಅಕ್ಕಪಕ್ಕದ ಅಂಶಗಳ ಉತ್ತರ ನೋಡಿ ಅಂಕ ಕೊಡಬೇಕೇ ಎಂದು ನಿರ್ಧರಿಸಬೇಕಾಗುತ್ತದೆ. ಹದಿಮೂರರ ಹುಡುಗಿ ಒಬ್ಬಳೇ ಸಂತೆಗೆ ಹೋಗುವುದಿಲ್ಲ ಎಂದಾಗ, ಅವಳ ಅಕ್ಕ ಆ ವಯಸ್ಸಿನಲ್ಲಿ ಹೋಗುತ್ತಿದ್ದಳೇ ಎಂದು ಕೇಳುತ್ತೇನೆ. ಅಕ್ಕನನ್ನೂ ಕಳಿಸುತ್ತಿರಲಿಲ್ಲವಾದರೆ ಅದು ಮನೆಯ ರೀತಿ. ಅಕ್ಕ ಹೋಗುತ್ತಿದ್ದು ಇವಳನ್ನು ಮಾತ್ರ ಬಿಡದಿದ್ದರೆ ಅದರ ಕಾರಣವನ್ನು ಕೆದಕಬೇಕು: ದಾರಿ ತಪ್ಪುತ್ತಾಳೋ, ಚಿಲ್ಲರೆ ಎಣಿಸಲಾರಳೋ, ಇಲ್ಲವೇ ಹಿರಿಯರ ಭಯವೋ? ಭಯವೊಂದೇ ಕಾರಣವಾಗಿದ್ದರೆ ‘ಮಾಡಲಾರಳು’ ಎಂದು ಬರೆಯುವುದು ಅನ್ಯಾಯ.

ಎಲ್ಲವನ್ನೂ ಕೂಡಿಸಿ ಬರುವ ಒಂದೇ ಅಂಕ ಹಲವು ಸಂಗತಿಗಳನ್ನು ಮರೆಮಾಡುತ್ತದೆ. ಬ್ಯಾಡಗಿ ಭಾಗದ ಹುಡುಗನೊಬ್ಬ ಮೆಣಸಿನಕಾಯಿಯ ತುಂಬು (ತೊಟ್ಟು) ಬಿಡಿಸುವ ಕೆಲಸವನ್ನು ದಿನವಿಡೀ ಸರಿಯಾಗಿ ಮಾಡಬಲ್ಲ. ಕೈಗೆ ಬಂದ ಕೂಲಿ ಸರಿಯಿದೆಯೇ ಎಂದು ಹೇಳಲಾರ. ಇನ್ನೊಬ್ಬ ಹಣ ಎಣಿಸುತ್ತಾನೆ, ಆದರೆ ಯಾರು ಕೇಳಿದರೂ ಕೊಟ್ಟುಬಿಡುತ್ತಾನೆ. ಇಬ್ಬರ ಅಂಕವೂ ಒಂದೇ ಬರಬಹುದು, ಕಲಿಸಬೇಕಾದದ್ದು ಮಾತ್ರ ಬೇರೆ ಬೇರೆ. ಆದಕಾರಣ ನಾನು ವರದಿಯಲ್ಲಿ ಅಂಕದ ಕೆಳಗೆ ಮೂರು ಸಂಗತಿಗಳನ್ನು ಬರೆಯುತ್ತೇನೆ: ಮಗು ಯಾರ ನೆರವೂ ಇಲ್ಲದೆ ಮಾಡುವ ಕೆಲಸಗಳು, ಬಾಯಿಮಾತಿನಲ್ಲಿ ನೆನಪಿಸಿದರೆ ಸಾಕಾಗುವ ಕೆಲಸಗಳು, ಕೈಹಿಡಿದೇ ಮಾಡಿಸಬೇಕಾದ ಕೆಲಸಗಳು. ಪ್ರಮಾಣಪತ್ರ ಬಂದ ಮೇಲೆ ವಿಶೇಷ ಶಿಕ್ಷಕರಿಗೆ ಪಾಠ ಆರಂಭಿಸಲು ಬೇಕಾಗುವುದು ಎರಡನೆಯ ಪಟ್ಟಿ; ಪಾಲಕರು ಅದರ ಒಂದು ಪ್ರತಿಯನ್ನು ಕೇಳಿ ಪಡೆಯಬೇಕು.