ನಿಂತರೆ ಎಷ್ಟು ದಿನ? ಇಂಧನ ಭದ್ರತೆ ಕುರಿತ ಅಧ್ಯಯನ ಟಿಪ್ಪಣಿ

ತುಮಕೂರಿನಲ್ಲಿ ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿರುವ ನಮ್ಮ ಗುಂಪಿನ ಅಭ್ಯಾಸ ಉತ್ತರಗಳಲ್ಲಿ ಒಂದು ವಾಕ್ಯ ತಪ್ಪದೆ ಬರುತ್ತದೆ: ‘ಭಾರತ ತನಗೆ ಬೇಕಾದ ಕಚ್ಚಾ ತೈಲದಲ್ಲಿ ಶೇ 85ಕ್ಕಿಂತ ಹೆಚ್ಚನ್ನು ಆಮದು ಮಾಡಿಕೊಳ್ಳುತ್ತದೆ, ಆದ್ದರಿಂದ ನಮ್ಮ ಇಂಧನ ಭದ್ರತೆ ದುರ್ಬಲ.’ ಮೊದಲರ್ಧ ಸರಿಯಾಗಿದೆ. ಎರಡನೆಯ ಅರ್ಧವನ್ನು ಮಾತ್ರ ಬೇರೆಯಾಗಿಯೇ ಸಾಧಿಸಿ ತೋರಿಸಬೇಕು. ಜಪಾನ್ ತನ್ನ ಶಕ್ತಿಯ ಅಗತ್ಯದಲ್ಲಿ ಹತ್ತಕ್ಕೆ ಎಂಟು ಪಾಲಿಗಿಂತ ಹೆಚ್ಚನ್ನು ಹೊರಗಿನಿಂದ ತರುತ್ತದೆ. ಆದರೂ 2022ರಲ್ಲಿ ಪೆಟ್ರೋಲ್ ಬಂಕ್‌ಗಳ ಮುಂದೆ ಜನ ದಿನಗಟ್ಟಲೆ ಸಾಲುಗಟ್ಟಿದ್ದು ಶ್ರೀಲಂಕಾದಲ್ಲಿ. ಅಲ್ಲಿ ವಿದೇಶಿ ವಿನಿಮಯ ಬರಿದಾಗಿತ್ತು. ಆ ಜೂನ್ ಕೊನೆಯಲ್ಲಿ ಖಾಸಗಿ ವಾಹನಗಳಿಗೆ ಇಂಧನ ಮಾರುವುದನ್ನೇ ಸರ್ಕಾರ ನಿಲ್ಲಿಸಿತು. ಜಪಾನಿನ ಬಳಿ ಹಣವಿತ್ತು, ದೀರ್ಘಾವಧಿಯ ಒಪ್ಪಂದಗಳಿದ್ದವು, ತಿಂಗಳುಗಟ್ಟಲೆ ಸಾಲುವಷ್ಟು ತೈಲದ ದಾಸ್ತಾನಿತ್ತು.

ಹಾಗಾಗಿ ಆಮದಿನ ಶೇಕಡಾವಾರು ಅಂಕಿಯನ್ನು ಬರೆದ ಮೇಲೆ ಕೇಳಬೇಕಾದ ಪ್ರಶ್ನೆ ಇದು: ಪೂರೈಕೆ ನಿಂತರೆ ಎಷ್ಟು ದಿನ ತಾಳುತ್ತೇವೆ? ಈ ಟಿಪ್ಪಣಿಯಲ್ಲಿ ಉಳಿದದ್ದನ್ನೆಲ್ಲ ಆ ಪ್ರಶ್ನೆಯಿಂದಲೇ ನೋಡೋಣ.

ಬೆಲೆಯ ಹೊಡೆತವನ್ನೂ ಪ್ರಮಾಣದ ಹೊಡೆತವನ್ನೂ ಬೇರ್ಪಡಿಸಿಕೊಳ್ಳಿ. ಭಾರತ 2023–24ರಲ್ಲಿ ತರಿಸಿದ ಕಚ್ಚಾ ತೈಲ ಸುಮಾರು 23.4 ಕೋಟಿ ಟನ್. ಒಂದು ಟನ್‌ಗೆ ಸುಮಾರು 7.33 ಬ್ಯಾರೆಲ್ ಎಂದು ಹಿಡಿದರೆ 171 ಕೋಟಿ ಬ್ಯಾರೆಲ್. ಬ್ಯಾರೆಲ್‌ಗೆ ಹತ್ತು ಡಾಲರ್ ಏರಿ ವರ್ಷವಿಡೀ ಹಾಗೆಯೇ ನಿಂತರೆ ಹೆಚ್ಚುವರಿ ಹೊರೆ 1,700 ಕೋಟಿ ಡಾಲರ್ ದಾಟುತ್ತದೆ. ಇದು ಕಾಗದದ ಲೆಕ್ಕವಷ್ಟೇ ಅಲ್ಲ. 2022–23 ಮತ್ತು 2023–24ರಲ್ಲಿ ನಾವು ತಂದ ತೈಲದ ಪ್ರಮಾಣ ಹೆಚ್ಚುಕಡಿಮೆ ಒಂದೇ; ಬಿಲ್ಲು ಮಾತ್ರ ಸುಮಾರು 15,700 ಕೋಟಿ ಡಾಲರ್‌ನಿಂದ ಸುಮಾರು 13,300 ಕೋಟಿಗೆ ಇಳಿಯಿತು. ಶ್ರೀಮಂತ ದೇಶಕ್ಕೆ ಬೆಲೆ ಏರಿಕೆ ಬರೀ ದುಬಾರಿ. ಬಡ ದೇಶಕ್ಕಾದರೆ ಅದೇ ಏರಿಕೆ ಪ್ರಮಾಣದ ಕೊರತೆಯಾಗಿ ಬದಲಾಗುತ್ತದೆ. 2022ರಲ್ಲಿ ಯುರೋಪ್ ಹೆಚ್ಚು ಬೆಲೆ ಕೊಟ್ಟು ದ್ರವೀಕೃತ ಅನಿಲ ಕೊಳ್ಳತೊಡಗಿದಾಗ ಬಾಂಗ್ಲಾದೇಶ ತಕ್ಷಣದ ಮಾರುಕಟ್ಟೆಯಿಂದ (ದೀರ್ಘಾವಧಿಯ ಒಪ್ಪಂದವಿಲ್ಲದೆ ಆ ಹೊತ್ತಿನ ಬೆಲೆಗೆ ಕೊಳ್ಳುವ ‘ಸ್ಪಾಟ್’ ಮಾರುಕಟ್ಟೆ) ಅನಿಲ ಕೊಳ್ಳುವುದನ್ನೇ ಜುಲೈನಲ್ಲಿ ಕೈಬಿಟ್ಟಿತು. ಪಾಕಿಸ್ತಾನ ಕರೆದ ಟೆಂಡರ್‌ಗಳಿಗೆ ಮಾರಾಟಗಾರರೇ ಬರಲಿಲ್ಲ. ಎರಡೂ ದೇಶಗಳಲ್ಲಿ ಕತ್ತಲು ಕವಿದದ್ದು ಜಗತ್ತಿನಲ್ಲಿ ಅನಿಲ ಮುಗಿದುಹೋಗಿದ್ದರಿಂದಲ್ಲ.

ಇನ್ನು ದಾಸ್ತಾನು. ನಮ್ಮ ಹಿರಿಯರು ಬರಗಾಲಕ್ಕೆಂದು ರಾಗಿಯನ್ನು ನೆಲದೊಳಗಿನ ಹಗೇವಿನಲ್ಲಿ ತುಂಬಿಡುತ್ತಿದ್ದರಲ್ಲ, ದೇಶದ ತೈಲ ಸಂಗ್ರಹಾಗಾರಗಳೂ ಅಂಥವೇ: ಬಂಡೆಯೊಳಗೆ ಕೊರೆದ ಗುಹೆಗಳು. ಮೂರರಲ್ಲಿ ಎರಡು ಕರ್ನಾಟಕದಲ್ಲೇ ಇವೆ. ಮಂಗಳೂರಿನದು 15 ಲಕ್ಷ ಟನ್, ಉಡುಪಿ ಜಿಲ್ಲೆಯ ಪಾದೂರಿನದು 25 ಲಕ್ಷ ಟನ್, ವಿಶಾಖಪಟ್ಟಣದ್ದು 13.3 ಲಕ್ಷ ಟನ್, ಒಟ್ಟು 53.3 ಲಕ್ಷ ಟನ್. ಆ ವರ್ಷದ ಲೆಕ್ಕದಲ್ಲಿ ದಿನದ ಆಮದು ಸುಮಾರು 6.4 ಲಕ್ಷ ಟನ್ ಆದ್ದರಿಂದ ಭಾಗಿಸಿದರೆ ಎಂಟು ದಿನ, ಸ್ವಲ್ಪ ಹೆಚ್ಚು. ಸರ್ಕಾರ ಹೇಳುವ ಅಂಕಿ 9.5 ದಿನ, ಅದು 2019–20ರ ಬಳಕೆಯನ್ನು ಆಧರಿಸಿದ್ದು. ತೈಲ ಕಂಪನಿಗಳ ಬಳಿ ಇರುವ ದಾಸ್ತಾನನ್ನೂ ಸೇರಿಸಿ ಒಟ್ಟು 74 ದಿನ ಎಂದು ಹೇಳುವುದುಂಟು. ಅಂತರರಾಷ್ಟ್ರೀಯ ಇಂಧನ ಸಂಸ್ಥೆ ತನ್ನ ಸದಸ್ಯ ದೇಶಗಳಿಂದ ನಿರೀಕ್ಷಿಸುವುದು 90 ದಿನಗಳ ನಿವ್ವಳ ಆಮದಿನಷ್ಟು. 1973ರ ಅರಬ್ ತೈಲ ನಿರ್ಬಂಧದ ಪೆಟ್ಟಿನಿಂದ ಮರುವರ್ಷ ಹುಟ್ಟಿದ ಆ ಸಂಸ್ಥೆಯಲ್ಲಿ ಭಾರತ 2017ರಿಂದ ಸಹವರ್ತಿ ದೇಶ, ಪೂರ್ಣ ಸದಸ್ಯನಲ್ಲ. ಇಲ್ಲಿ ಗಮನಿಸಬೇಕಾದದ್ದು, ಗುಹೆ ಎಷ್ಟಿದೆಯೋ ಅಷ್ಟೇ ಇರುತ್ತದೆ. ಬಳಕೆ ಬೆಳೆದಂತೆ ಅದು ಕೊಡುವ ದಿನಗಳು ಕರಗುತ್ತವೆ. ವೇಗವಾಗಿ ಬೆಳೆಯುವ ದೇಶಕ್ಕೆ ದಾಸ್ತಾನು ಕಟ್ಟುವ ಕೆಲಸ ಎಂದೂ ಮುಗಿಯುವುದಿಲ್ಲ. ಗುಹೆಯಿದ್ದರೆ ಅಗ್ಗದ ಕಾಲದಲ್ಲಿ ಕೊಳ್ಳುವ ಅನುಕೂಲವೂ ಇದೆ: 2020ರ ಏಪ್ರಿಲ್–ಮೇನಲ್ಲಿ ಬೆಲೆ ಕುಸಿದಾಗ ಬ್ಯಾರೆಲ್‌ಗೆ ಸರಾಸರಿ 19 ಡಾಲರ್‌ನಂತೆ ತುಂಬಿಸಿ ಸುಮಾರು 5,000 ಕೋಟಿ ರೂಪಾಯಿ ಉಳಿಸಲಾಯಿತು.

ಮಾರುವವರು ಹಲವರಿರಲಿ ಎಂಬ ನೀತಿ ಎಲ್ಲರಿಗೂ ಗೊತ್ತಿದೆ. 2022ಕ್ಕೆ ಮೊದಲು ನಮ್ಮ ಕಚ್ಚಾ ತೈಲದಲ್ಲಿ ರಷ್ಯಾದ ಪಾಲು ಶೇ 2ರ ಆಸುಪಾಸು. 2023–24ರ ಹೊತ್ತಿಗೆ ಮೂರನೇ ಒಂದು ಪಾಲು ಮೀರಿತು. ಆದರೆ ಅಡುಗೆ ಅನಿಲದ ಬಗ್ಗೆ ನಾವು ಬರೆಯುವುದೇ ಇಲ್ಲ, ನನಗೆ ಹೆಚ್ಚು ಆತಂಕ ಇರುವುದು ಅಲ್ಲಿಯೇ. ಸುಮಾರು ಶೇ 60ರಷ್ಟು ಎಲ್‌ಪಿಜಿ ಆಮದು, ಅದರಲ್ಲಿ ಬಹುಪಾಲು ಹಾರ್ಮುಜ್ ಜಲಸಂಧಿ ಎಂಬ ಇಕ್ಕಟ್ಟಾದ ಸಮುದ್ರ ದಾರಿಯಾಚೆಯ ಕೊಲ್ಲಿ ದೇಶಗಳಿಂದ. ವಿಶಾಖಪಟ್ಟಣದ ಭೂಗತ ಎಲ್‌ಪಿಜಿ ಸಂಗ್ರಹಾಗಾರದ ಸಾಮರ್ಥ್ಯ 60,000 ಟನ್. ದೇಶದ ಒಂದು ದಿನದ ಬಳಕೆಗೂ ಅದು ಸಾಲದು.

ಈಗ ನಮ್ಮ ಜಿಲ್ಲೆಗೆ ಬರೋಣ. ಪಾವಗಡದ ಸೌರ ಪಾರ್ಕ್ ತಿರುಮಣಿ, ವಳ್ಳೂರು ಸುತ್ತಮುತ್ತ ಸುಮಾರು 13,000 ಎಕರೆಯಲ್ಲಿ ಹರಡಿದೆ. ಸಾಮರ್ಥ್ಯ 2,050 ಮೆಗಾವಾಟ್. ‘ಸೌರ ಫಲಕಗಳ ತಯಾರಿಕೆಯ ಪ್ರತಿ ಹಂತದಲ್ಲೂ ಚೀನಾದ ಪಾಲು ಶೇ 80ಕ್ಕಿಂತ ಹೆಚ್ಚು. ಅಲ್ಲಿಗೆ ಕೊಲ್ಲಿಯ ಅವಲಂಬನೆ ಬಿಟ್ಟು ಚೀನಾದ ಅವಲಂಬನೆ ಹಿಡಿದಂತಾಯಿತಲ್ಲ?’ ಎಂದು ಗುಂಪಿನಲ್ಲಿ ಪಾವಗಡದ ಗೆಳತಿಯೊಬ್ಬರು ಕೇಳಿದರು. ಒಳ್ಳೆಯ ಪ್ರಶ್ನೆ. ನಾವು ಹಿಡಿದಿರುವ ಅಳತೆಯನ್ನೇ ಇಲ್ಲಿಯೂ ಹಚ್ಚಿ ನೋಡಿ. ತೈಲದ ಹಡಗು ನಿಂತರೆ ಕೆಲವೇ ವಾರಗಳಲ್ಲಿ ಲಾರಿಗಳು ನಿಲ್ಲುತ್ತವೆ. ಫಲಕಗಳ ಹಡಗು ನಿಂತರೆ ಹೊಸ ಪಾರ್ಕ್ ಕಟ್ಟುವುದು ತಡವಾಗುತ್ತದೆ. ತಿರುಮಣಿಯಲ್ಲಿ ಈಗಾಗಲೇ ನೆಟ್ಟಿರುವ ಫಲಕ ಮರುದಿನವೂ ವಿದ್ಯುತ್ ಕೊಡುತ್ತದೆ, ಸುಮಾರು 25 ವರ್ಷ ಕೊಡುತ್ತಲೇ ಇರುತ್ತದೆ. ಎರಡೂ ಆಮದೇ ಆದರೂ ಒಂದರ ಪೆಟ್ಟು ಇವತ್ತಿನ ಬದುಕಿಗೆ, ಇನ್ನೊಂದರದು ನಾಳಿನ ಬೆಳವಣಿಗೆಗೆ. ಹೊಸ ಬೇಡಿಕೆ ಏರುತ್ತಲೇ ಇರುವ ದೇಶದಲ್ಲಿ ಈ ಎರಡನೆಯದನ್ನೂ ಹಗುರವಾಗಿ ತೆಗೆದುಕೊಳ್ಳುವಂತಿಲ್ಲ. 2022ರ ಏಪ್ರಿಲ್‌ನಿಂದ ಆಮದು ಫಲಕಗಳಿಗೆ ಶೇ 40 ಸುಂಕ ಹಾಕಿದ್ದರ ಉದ್ದೇಶ ಫಲಕಗಳು ಇಲ್ಲಿಯೇ ತಯಾರಾಗಲಿ ಎಂಬುದು.

ಪಾವಗಡದ ಬಗ್ಗೆ ಇನ್ನೊಂದು ಮಾತು. ಜಮೀನನ್ನು ಕೊಂಡುಕೊಳ್ಳದೆ ಎಕರೆಗೆ ವರ್ಷಕ್ಕೆ 21,000 ರೂಪಾಯಿಯಂತೆ ಗುತ್ತಿಗೆಗೆ ಪಡೆದು, ಎರಡು ವರ್ಷಕ್ಕೊಮ್ಮೆ ಶೇ 5 ಏರಿಸುವ ಮಾದರಿ ಮೆಚ್ಚತಕ್ಕದ್ದು. ಆದರೆ ಗುತ್ತಿಗೆ ಹಣ ಬರುವುದು ಪಹಣಿಯಲ್ಲಿ ಹೆಸರಿರುವವರಿಗೆ. ಆ ಹೊಲಗಳಲ್ಲಿ ಕೂಲಿ ಮಾಡುತ್ತಿದ್ದವರಿಗೆ ಅದರಲ್ಲಿ ಪಾಲಿಲ್ಲ. ದೇಶದ ಭದ್ರತೆಯ ಬೆಲೆಯನ್ನು ಯಾರು ತೆರುತ್ತಾರೆ ಎಂಬುದನ್ನು ಉತ್ತರದಲ್ಲಿ ಎರಡು ಸಾಲಾದರೂ ಬರೆಯಿರಿ.

ಸ್ವದೇಶಿ ಎಂದ ಮಾತ್ರಕ್ಕೆ ಭದ್ರ ಎಂದೂ ಅಲ್ಲ. ಕರ್ನಾಟಕದಲ್ಲಿ ಕಲ್ಲಿದ್ದಲು ಗಣಿ ಇಲ್ಲ; ರಾಯಚೂರಿನ ಸ್ಥಾವರಕ್ಕೆ ಹೊರರಾಜ್ಯಗಳಿಂದ ರೈಲಿನಲ್ಲೇ ಬರಬೇಕು. 2021ರ ಅಕ್ಟೋಬರ್‌ನಲ್ಲಿ ದೇಶದ ಉಷ್ಣ ಸ್ಥಾವರಗಳ ದಾಸ್ತಾನು ಸರಾಸರಿ ನಾಲ್ಕು ದಿನಕ್ಕೆ ಇಳಿದಿತ್ತು. 2023ರಲ್ಲಿ ಮಳೆ ಕೈಕೊಟ್ಟಾಗ ಶರಾವತಿ ಕಣಿವೆಯ ಜಲವಿದ್ಯುತ್ ಕುಗ್ಗಿತು. ಅದೇ ಹೊತ್ತಿಗೆ ಬಯಲುಸೀಮೆಯಲ್ಲಿ ಬೆಳೆ ಉಳಿಸಿಕೊಳ್ಳಲು ಕೊಳವೆಬಾವಿಗಳು ಹೆಚ್ಚು ಓಡಿದವು. ಪಂಪ್‌ಸೆಟ್‌ಗಳಿಗೆ ಕೊಡುತ್ತಿದ್ದ ಏಳು ಗಂಟೆಯ ವಿದ್ಯುತ್ತು ಐದಕ್ಕೆ ಇಳಿಯಿತು. ಬರ ಒಂದೇ, ಪೂರೈಕೆಯನ್ನು ತಗ್ಗಿಸಿ ಬೇಡಿಕೆಯನ್ನು ಏರಿಸಿತು.

ಈ ಪಾಠ ಕೋಲಾರಕ್ಕೆ ಹಳೆಯದು. ಕೆಜಿಎಫ್‌ನ ಚಿನ್ನದ ಗಣಿಗಳಿಗೆ 1902ರಲ್ಲಿ ಸುಮಾರು 147 ಕಿಲೋಮೀಟರ್ ದೂರದ ಶಿವನಸಮುದ್ರದಿಂದ ವಿದ್ಯುತ್ ಬಂತು. ಆದರೆ ಬೇಸಿಗೆಯಲ್ಲಿ ಕಾವೇರಿಯ ಹರಿವು ತಗ್ಗುತ್ತಿತ್ತು. 1911ರಲ್ಲಿ ಕನ್ನಂಬಾಡಿ ಕಟ್ಟೆಯ ಕೆಲಸ ಆರಂಭವಾದುದಕ್ಕೆ ನೀರಾವರಿಯ ಜೊತೆಗೆ ಆ ವಿದ್ಯುತ್ತನ್ನು ವರ್ಷವಿಡೀ ಸ್ಥಿರವಾಗಿಡುವ ಅಗತ್ಯವೂ ಕಾರಣ. ಇವತ್ತು ಪಾವಗಡದ ಸೂರ್ಯ ಮುಳುಗಿದ ಮೇಲೆ ಏನು ಎಂದು ಬ್ಯಾಟರಿ, ಪಂಪ್ಡ್ ಸ್ಟೋರೇಜ್ (ವಿದ್ಯುತ್ ಹೆಚ್ಚಿರುವಾಗ ನೀರನ್ನು ಮೇಲಕ್ಕೆತ್ತಿಟ್ಟು ಬೇಕಾದಾಗ ಕೆಳಗೆ ಬಿಟ್ಟು ವಿದ್ಯುತ್ ಪಡೆಯುವ) ಯೋಜನೆಗಳ ಚರ್ಚೆ ನಡೆದಿದೆಯಲ್ಲ, ಅದೂ ಇದೇ ಪ್ರಶ್ನೆ.

ಬೇಡಿಕೆ ತಗ್ಗಿಸುವುದೂ ಭದ್ರತೆಯೇ. ಸಾವಿರ ಲೀಟರ್ ನೀರನ್ನು ಸಾವಿರ ಅಡಿ ಆಳದಿಂದ ಎತ್ತಲು ಭೌತಶಾಸ್ತ್ರದ ಲೆಕ್ಕದಲ್ಲಿ 0.83 ಯೂನಿಟ್ ಬೇಕು. ಪಂಪಿನ ದಕ್ಷತೆ ಶೇ 40 ಎಂದು ಹಿಡಿದರೆ ಎರಡು ಯೂನಿಟ್. ನೀರು ನೂರು ಅಡಿಯಲ್ಲೇ ಸಿಕ್ಕರೆ ಅದರ ಹತ್ತನೇ ಒಂದು ಭಾಗ ಸಾಕು. ಕೋಲಾರ, ಚಿಕ್ಕಬಳ್ಳಾಪುರ, ತುಮಕೂರಿನ ಕೆರೆಗಳ ಹೂಳೆತ್ತುವುದನ್ನು ಇಂಧನ ನೀತಿಯ ಅಧ್ಯಾಯದಲ್ಲೇ ಸೇರಿಸಬೇಕೆಂದು ನಾನು ವಾದಿಸುವುದು ಈ ಲೆಕ್ಕದ ಬಲದಿಂದ.

ಅಭ್ಯಾಸಕ್ಕೆ: ಒಡಿಶಾದ ಚಂಡಿಖೋಲ್ ಮತ್ತು ಪಾದೂರಿನಲ್ಲಿ ಇನ್ನೂ 65 ಲಕ್ಷ ಟನ್ ಸಾಮರ್ಥ್ಯದ ಸಂಗ್ರಹಾಗಾರಗಳಿಗೆ 2021ರಲ್ಲಿ ಒಪ್ಪಿಗೆ ದೊರೆತಿದೆ. ಅವೂ ಸೇರಿದರೆ ಮೇಲಿನ 2023–24ರ ಆಮದಿಗೆ ಎಷ್ಟು ದಿನ? ಆಮದು ವರ್ಷಕ್ಕೆ ಶೇ 4ರಂತೆ ಬೆಳೆದರೆ ಹತ್ತು ವರ್ಷಗಳ ನಂತರ ಎಷ್ಟು ದಿನ? ನನಗೆ ಬಂದ ಉತ್ತರ ಮೊದಲನೆಯದಕ್ಕೆ ಹದಿನೆಂಟು ದಿನಕ್ಕಿಂತ ತುಸು ಹೆಚ್ಚು, ಎರಡನೆಯದಕ್ಕೆ ಹನ್ನೆರಡೂವರೆ.