ಓದುಗರ ಪ್ರಶ್ನೆ: ಮೈಟೊಕಾಂಡ್ರಿಯ ಕೆಟ್ಟರೆ ಕೀಲುವಾತ ಬರುತ್ತದೆಯೇ?

ಪ್ರಶ್ನೆ: ನಾನು ಮೂಡಿಗೆರೆ ಕಡೆಯವಳು, ವಯಸ್ಸು 43. ರುಮಟಾಯ್ಡ್ ಆರ್ಥ್ರೈಟಿಸ್‌ಗೆ ಹಾಸನದಲ್ಲಿ ತೋರಿಸುತ್ತಿದ್ದೇನೆ. ಸುಸ್ತಂತೂ ಹೇಳತೀರದು. ಪರಿಚಯದವರೊಬ್ಬರು, "ನಿಮ್ಮ ಮೈಟೊಕಾಂಡ್ರಿಯ ಕೆಟ್ಟಿದೆ, ಅದಕ್ಕೇ ಈ ಆಟೋಇಮ್ಯೂನ್ ಕಾಯಿಲೆ. ಮಾತ್ರೆ ಬಿಟ್ಟು ಈ ಕ್ಯಾಪ್ಸೂಲ್ ತಗೊಳ್ಳಿ" ಅಂತಾರೆ. ನಿಜವೇ? ಮೈಟೊಕಾಂಡ್ರಿಯ ತಾಯಿಯಿಂದ ಬರುತ್ತದಂತೆ. ನನ್ನ ಮಗಳಿಗೂ ಈ ಕಾಯಿಲೆ ಬರುತ್ತದೆಯೇ?

ಉತ್ತರ: ಮೊದಲಿಗೆ, ದಯವಿಟ್ಟು ಮಾತ್ರೆ ಬಿಡಬೇಡಿ. ಈ ಕಾಯಿಲೆಯಲ್ಲಿ ಕೀಲು ಒಮ್ಮೆ ಹಾಳಾದರೆ ಮತ್ತೆ ಮೊದಲಿನ ಹಾಗಾಗುವುದಿಲ್ಲ. ಉಳಿದದ್ದನ್ನು ನಿಧಾನವಾಗಿ ಹೇಳುತ್ತೇನೆ. ಬೇಲೂರು, ಸಕಲೇಶಪುರದ ಕಡೆಯಿಂದಲೂ ಇದೇ ಪ್ರಶ್ನೆ ಬರುತ್ತಲೇ ಇರುತ್ತದೆ.

ನಿಮ್ಮ ಪರಿಚಯದವರ ಮಾತಿನಲ್ಲಿ ಅರ್ಧ ನಿಜವಿದೆ. ಮೈಟೊಕಾಂಡ್ರಿಯಕ್ಕೂ ಆಟೋಇಮ್ಯೂನ್ ಕಾಯಿಲೆಗೂ, ಅಂದರೆ ರೋಗನಿರೋಧಕ ವ್ಯವಸ್ಥೆ ನಮ್ಮ ದೇಹದ ಮೇಲೇ ತಿರುಗಿಬೀಳುವ ಕಾಯಿಲೆಗೂ, ಸಂಬಂಧ ಇರುವುದು ಹೌದು. ಆದರೆ ಅದು "ಶಕ್ತಿ ಕಡಿಮೆಯಾಯ್ತು, ಕಾಯಿಲೆ ಬಂತು" ಅನ್ನುವಷ್ಟು ಸರಳವಲ್ಲ.

ಮೈಟೊಕಾಂಡ್ರಿಯ ನಮ್ಮ ಜೀವಕೋಶದೊಳಗಿನ ಪುಟ್ಟ ಭಾಗ. ತಿಂದ ಅನ್ನದಿಂದ ಶಕ್ತಿ ತೆಗೆದುಕೊಡುವುದು ಅದರ ಕೆಲಸ ಅಂತ ಶಾಲೆಯಲ್ಲೇ ಓದಿರುತ್ತೀರಿ. ಅದರ ಹುಟ್ಟಿನ ಕಥೆ ಮಾತ್ರ ಬೇರೆಯೇ. ನೂರು ಕೋಟಿಗೂ ಜಾಸ್ತಿ ವರ್ಷಗಳ ಹಿಂದೆ ಅದು ಸ್ವತಂತ್ರವಾಗಿ ಬದುಕಿದ್ದ ಬ್ಯಾಕ್ಟೀರಿಯ. ಇನ್ನೊಂದು ಕೋಶದೊಳಗೆ ಹೊಕ್ಕು ಅಲ್ಲೇ ಉಳಿದುಬಿಟ್ಟಿತು. 1967ರಲ್ಲಿ ಲಿನ್ ಮಾರ್ಗುಲಿಸ್ ಎಂಬ ವಿಜ್ಞಾನಿ ಇದನ್ನು ಒತ್ತಿ ಹೇಳಿದಾಗ ನಂಬಿದವರು ಕಡಿಮೆ. ಇವತ್ತು ಅದು ಪಠ್ಯಪುಸ್ತಕದ ಪಾಠ. ಈಗಲೂ ಮೈಟೊಕಾಂಡ್ರಿಯಕ್ಕೆ ತನ್ನದೇ ಡಿಎನ್‌ಎ ಇದೆ. ಬ್ಯಾಕ್ಟೀರಿಯದ ಹಾಗೇ ಉಂಗುರದ ಆಕಾರ, ಅದರಲ್ಲಿ 37 ಜೀನ್‌ಗಳು.

ತೊಂದರೆ ಶುರುವಾಗುವುದೇ ಇಲ್ಲಿ. ನಮ್ಮ ರೋಗನಿರೋಧಕ ವ್ಯವಸ್ಥೆ ಬ್ಯಾಕ್ಟೀರಿಯದ ಗುರುತು ಕಂಡರೆ ಸುಮ್ಮನಿರುವುದಿಲ್ಲ. ಮೈಟೊಕಾಂಡ್ರಿಯದ ಡಿಎನ್‌ಎ ಅದರ ಗೋಡೆಯೊಳಗೇ ಇದ್ದರೆ ಏನೂ ಆಗದು. ಕೋಶಕ್ಕೆ ಪೆಟ್ಟಾಗಿ ಹೊರಗೆ ಸೋರಿದರೆ, ಕಾವಲು ಕೋಶಗಳು ಅದನ್ನು ಹೊರಗಿನಿಂದ ಬಂದ ಸೋಂಕು ಎಂದು ತಿಳಿದು ಉರಿಯೂತ ಎಬ್ಬಿಸುತ್ತವೆ. ಬೆಂಕಿ ಒಲೆಯೊಳಗಿದ್ದರೆ ಅಡುಗೆ, ಹೊರಗೆ ಬಿದ್ದರೆ ಮನೆಗೇ ಅಪಾಯ, ಅಲ್ವಾ?

ಇದು ಚೆನ್ನಾಗಿ ಕಂಡುಬಂದಿರುವುದು ಲೂಪಸ್ ಎಂಬ ಇನ್ನೊಂದು ಆಟೋಇಮ್ಯೂನ್ ಕಾಯಿಲೆಯಲ್ಲಿ. ಅಲ್ಲಿ ಕೆಲವು ಬಿಳಿ ರಕ್ತಕಣಗಳು ಸಾಯುವಾಗ ಬಲೆಯ ಹಾಗೆ ಡಿಎನ್‌ಎ ಹೊರಹಾಕುತ್ತವೆ. ಅದರಲ್ಲಿ ಮೈಟೊಕಾಂಡ್ರಿಯದ ಡಿಎನ್‌ಎ ಕೂಡ ಇರುತ್ತದೆ. ಅದರಿಂದ ಇಂಟರ್‌ಫೆರಾನ್ ಎಂಬ ಎಚ್ಚರಿಕೆಯ ವಸ್ತು ಜಾಸ್ತಿಯಾಗಿ, ದೇಹ ತನ್ನ ಮೇಲೇ ಇನ್ನಷ್ಟು ತಿರುಗಿಬೀಳುತ್ತದೆ. ಲಿವರ್ ಒಳಗಿನ ಸಣ್ಣ ಪಿತ್ತನಾಳಗಳು ಹಾಳಾಗುವ ಪಿಬಿಸಿ (ಪ್ರೈಮರಿ ಬಿಲಿಯರಿ ಕೊಲಾಂಜೈಟಿಸ್) ಎಂಬ ಆಟೋಇಮ್ಯೂನ್ ಕಾಯಿಲೆಯೂ ಇದೆ. ನಡುವಯಸ್ಸಿನ ಹೆಂಗಸರಲ್ಲೇ ಜಾಸ್ತಿ. ಮೈಯೆಲ್ಲ ತುರಿಕೆ, ವಿಪರೀತ ಸುಸ್ತು. ಈ ಕಾಯಿಲೆ ಇರುವ ನೂರರಲ್ಲಿ 90ಕ್ಕೂ ಹೆಚ್ಚು ಜನರ ರಕ್ತದಲ್ಲಿ ಮೈಟೊಕಾಂಡ್ರಿಯದ ಪ್ರೋಟೀನ್ ವಿರುದ್ಧವೇ ಪ್ರತಿಕಾಯಗಳು ಸಿಗುತ್ತವೆ.

ಇನ್ನೊಂದು ಸಂಬಂಧ ಇಂಧನದ್ದು. ಟಿ-ಕೋಶಗಳು ಅಂದರೆ ಒಂದು ಬಗೆಯ ಬಿಳಿ ರಕ್ತಕಣಗಳು. ದಾಳಿಗೆ ಇಳಿಯುವ ಟಿ-ಕೋಶಗಳು ಗ್ಲೂಕೋಸನ್ನು ಗಬಗಬನೆ ಬಳಸಿ ವೇಗವಾಗಿ ಬೆಳೆಯುತ್ತವೆ. "ಸಾಕು, ನಿಲ್ಲಿಸಿ" ಎಂದು ಅವನ್ನು ತಡೆಯುವ ಟಿ-ಕೋಶಗಳು ಮಾತ್ರ ಮೈಟೊಕಾಂಡ್ರಿಯವನ್ನೇ ಹೆಚ್ಚು ನಂಬಿವೆ. ಹಾಗಾಗಿ ಮೈಟೊಕಾಂಡ್ರಿಯ ಸೋತರೆ ತಡೆಯುವವರ ಕೈ ಸೋಲುತ್ತದೆ. ನಿಮ್ಮ ಕಾಯಿಲೆಯಲ್ಲಿ ರೋಗನಿರೋಧಕ ಶಕ್ತಿ ಕಡಿಮೆಯಾಗಿಲ್ಲ, ದಿಕ್ಕು ತಪ್ಪಿದೆ. "ಇಮ್ಯೂನಿಟಿ ಬೂಸ್ಟ್ ಮಾಡ್ತೀವಿ" ಅನ್ನುವವರು ಇದನ್ನು ಹೇಳುವುದೇ ಇಲ್ಲ. ನನಗೆ ಸಿಟ್ಟು ಬರುವುದು ಅಲ್ಲೇ.

ಈಗ ನಿಮ್ಮ ಮಾತ್ರೆಯ ಪಟ್ಟಿ ನೋಡಿ. ಹೈಡ್ರಾಕ್ಸಿಕ್ಲೋರೋಕ್ವಿನ್ ಇದೆಯೇ? ಮೊದಲು ಮಲೇರಿಯಕ್ಕೆ ಕೊಡುತ್ತಿದ್ದ ಈ ಮಾತ್ರೆ, ಸೋರಿದ ಡಿಎನ್‌ಎಯನ್ನು ಗುರುತಿಸುವ ಕೋಶದೊಳಗಿನ ಸೆನ್ಸರ್ ಅಬ್ಬರವನ್ನು ತಗ್ಗಿಸುತ್ತದೆ. ಲೆಫ್ಲುನಮೈಡ್ ಇದೆಯೇ? ಅದು ಹಿಡಿಯುವ ಕಿಣ್ವ ಇರುವುದು ಮೈಟೊಕಾಂಡ್ರಿಯದ ಒಳಪೊರೆಯಲ್ಲೇ. ಹೊಸ ಡಿಎನ್‌ಎ ಕಟ್ಟಲು ಬೇಕಾದ ಸಾಮಾನು ತಯಾರಿಸುವ ಕಿಣ್ವ ಅದು. ಅದನ್ನು ತಡೆದಾಗ ದಾಳಿಯ ಟಿ-ಕೋಶಗಳಿಗೆ ಬೇಗಬೇಗ ಬೆಳೆಯಲು ಆಗುವುದಿಲ್ಲ. ಅಂದರೆ ಮೈಟೊಕಾಂಡ್ರಿಯದ ಹೆಸರಲ್ಲಿ ಬಿಡಿ ಎನ್ನುತ್ತಿರುವ ಮಾತ್ರೆಗಳೇ ಆ ಸಂಬಂಧದ ಮೇಲೆ ಕೆಲಸ ಮಾಡುತ್ತಿರಬಹುದು. ಮೆಥೊಟ್ರೆಕ್ಸೇಟ್ ಇದ್ದರೆ ಅದು ವಾರಕ್ಕೆ ಒಂದೇ ದಿನ, ಇದನ್ನು ಮಾತ್ರ ಮರೆಯಬೇಡಿ.

ಅಂಥ ಕ್ಯಾಪ್ಸೂಲ್‌ಗಳಲ್ಲಿ ಹೆಚ್ಚಾಗಿ ಕೋಎನ್‌ಜೈಮ್ ಕ್ಯೂ10 ಎಂಬ, ಮೈಟೊಕಾಂಡ್ರಿಯ ಶಕ್ತಿ ತಯಾರಿಸಲು ಬಳಸುವ ವಸ್ತು ಇರುತ್ತದೆ. ಅದರ ಮೇಲೆ ಸಣ್ಣ ಅಧ್ಯಯನಗಳಾಗಿವೆ, ಆದರೆ ಕೀಲುವಾತದ ಮಾತ್ರೆಯ ಜಾಗಕ್ಕೆ ಅದು ಬರಲಾರದು. ತೆಗೆದುಕೊಳ್ಳಲೇಬೇಕು ಅನಿಸಿದರೆ ಡಬ್ಬಿ ಸಮೇತ ಡಾಕ್ಟರಿಗೆ ತೋರಿಸಿ. ರಕ್ತ ತೆಳುವಾಗಿಸುವ ವಾರ್ಫರಿನ್ ಮಾತ್ರೆಯ ಪರಿಣಾಮವನ್ನು ಅದು ಕಡಿಮೆ ಮಾಡಬಹುದು.

ಸುಸ್ತನ್ನೆಲ್ಲ ಮೈಟೊಕಾಂಡ್ರಿಯದ ತಲೆಗೆ ಕಟ್ಟಬೇಡಿ. ಉರಿಯೂತವೇ ಸುಸ್ತು ತರುತ್ತದೆ. ಹಿಮೋಗ್ಲೋಬಿನ್, ಥೈರಾಯ್ಡ್ ಎರಡನ್ನೂ ಪರೀಕ್ಷೆ ಮಾಡಿಸಿ. ನೋವು ಹತೋಟಿಯಲ್ಲಿದ್ದಾಗ ದಿನಾ ನಡೆಯಿರಿ. ಸ್ನಾಯುಗಳಲ್ಲಿ ಮೈಟೊಕಾಂಡ್ರಿಯ ಹೆಚ್ಚಿಸುವ ದಾರಿಗಳಲ್ಲಿ ಚೆನ್ನಾಗಿ ಸಾಬೀತಾಗಿರುವುದು ವ್ಯಾಯಾಮವೇ, ಅದಕ್ಕೆ ದುಡ್ಡೂ ಬೇಡ.

ಕೊನೆಗೆ ಮಗಳ ವಿಚಾರ. ಮೈಟೊಕಾಂಡ್ರಿಯದ ಡಿಎನ್‌ಎ ತಾಯಿಯಿಂದಲೇ ಬರುವುದು ನಿಜ. ಆದರೆ ರುಮಟಾಯ್ಡ್ ಆ ದಾರಿಯಲ್ಲಿ ಬರುವ ಕಾಯಿಲೆ ಅಲ್ಲ. ಅದಕ್ಕೆ ಸಂಬಂಧಿಸಿದ ಮುಖ್ಯ ಜೀನ್‌ಗಳು ಅಪ್ಪ ಅಮ್ಮ ಇಬ್ಬರಿಂದಲೂ ಬರುತ್ತವೆ, ಬಂದರೂ ಬಹುಪಾಲು ಮಕ್ಕಳಿಗೆ ಕಾಯಿಲೆ ಬರುವುದಿಲ್ಲ. ಆದರೆ ಬೀಡಿ, ಸಿಗರೇಟು ಅಪಾಯ ಹೆಚ್ಚಿಸುತ್ತದೆ.

ಈ ಕಾಯಿಲೆಯ ಗುರುತು ನಿಮಗೇ ಗೊತ್ತು. ಡಿಸೆಂಬರ್ ಕೊಯ್ಲಿನಲ್ಲಿ ಬೆಳಗ್ಗೆ ಗಿಡದ ಮುಂದೆ ನಿಂತರೆ ಕಾಫಿ ಹಣ್ಣು ಹಿಡಿದು ತಿರುವಲು ಹೆಬ್ಬೆರಳು ಒಪ್ಪುವುದಿಲ್ಲ. ಬಿಸಿಲೇರಿ ಹತ್ತು ಗಂಟೆಯಾದ ಮೇಲೆ ಸಡಿಲವಾಗುತ್ತದೆ. ದುಡಿದು ಸವೆದ ಕೀಲಾದರೆ ಇದರ ತಿರುಗುಮುರುಗು, ಸಂಜೆಗೇ ನೋವು ಜಾಸ್ತಿ. ಮಗಳಿಗೆ ಬೆಳಗ್ಗಿನ ಬಿಗಿತ, ಬೆರಳ ಗೆಣ್ಣಿನ ಊತ ಕೆಲವು ವಾರವಾದರೂ ಇಳಿಯದಿದ್ದರೆ ಕೀಲುವಾತದ ಡಾಕ್ಟರಿಗೆ ತೋರಿಸಿ. ಚಿಕೂನ್‌ಗುನ್ಯಾ ಬಂದು ಹೋದ ಮೇಲೂ ತಿಂಗಳುಗಟ್ಟಲೆ ಕೀಲುನೋವು ಉಳಿಯಬಹುದು, ಜ್ವರ ಯಾವಾಗ ಬಂದಿತ್ತು ಅನ್ನುವುದನ್ನೂ ಅವರಿಗೆ ಹೇಳಿ.