ಬರೀ ಒಂದು ಚಿತ್ರಕ್ಕೆ ಜೈಲಾ? ಜೆಹ್ರಾ ದೋಆನ್ ಕಥೆ

ಓದುಗರ ಪ್ರಶ್ನೆ: ಟರ್ಕಿಯಲ್ಲಿ ಒಬ್ಬ ಪತ್ರಕರ್ತೆಗೆ ಒಂದು ಚಿತ್ರ ಬರೆದಿದ್ದಕ್ಕೆ ಹತ್ತಿರ ಹತ್ತಿರ ಮೂರು ವರ್ಷ ಜೈಲು ಶಿಕ್ಷೆ ಆಯಿತಂತೆ. ನಿಜಾನಾ? ಬರೀ ಚಿತ್ರಕ್ಕೆ ಯಾರನ್ನಾದರೂ ಒಳಗೆ ಹಾಕುತ್ತಾರಾ? ಬೇರೆ ಏನೋ ಕಾರಣ ಇದ್ದಿರಬೇಕು, ಅಲ್ವಾ?

ಉತ್ತರ: ಶಿಕ್ಷೆ ಆಗಿದ್ದು ನಿಜ. 2017ರ ಮಾರ್ಚ್ 2ರಂದು ಆದ ತೀರ್ಪು ಅದು. ಲೆಕ್ಕ ಸರಿಯಾಗಿ ಹೇಳಬೇಕೆಂದರೆ 2 ವರ್ಷ, 9 ತಿಂಗಳು, 22 ದಿನ. ಚಿತ್ರ ಆ ಕೇಸಿನಲ್ಲಿ ಇದ್ದಿದ್ದೂ ನಿಜ. ಆದರೆ ‘ಬರೀ’ ಅನ್ನುವ ಪದ ಪೂರ್ತಿ ಸರಿಯಲ್ಲ. ಚಿತ್ರದ ಜೊತೆಗೆ ಅವರು ಬರೆದ ಸುದ್ದಿ, ಸೋಷಿಯಲ್ ಮೀಡಿಯಾದಲ್ಲಿ ಹಾಕಿದ ಪೋಸ್ಟ್‌ಗಳು ಎಲ್ಲವೂ ಆ ಕಡತದಲ್ಲಿದ್ದವು. ನಿಷೇಧಿತ ಸಂಘಟನೆಯ ಸದಸ್ಯೆ ಅನ್ನುವ ದೊಡ್ಡ ಆರೋಪವನ್ನು ಕೋರ್ಟು ಕೈಬಿಟ್ಟಿತು. ಉಳಿದದ್ದು ‘ಭಯೋತ್ಪಾದನೆಯ ಪ್ರಚಾರ’ ಅನ್ನುವ ಆರೋಪ. ಆ ಶಿಕ್ಷೆ ಅದಕ್ಕೆ.

ಇಷ್ಟು ಹೇಳಿ ಮುಗಿಸಬಹುದಿತ್ತು. ಆದರೆ ಆ ಚಿತ್ರದಲ್ಲಿ ಏನಿತ್ತು ಅಂತ ತಿಳಿಯದೆ ಈ ಉತ್ತರ ಅರ್ಧವೇ.

ಮೊದಲು ಹೆಸರು. ಜೆಹ್ರಾ ದೋಆನ್. ಬರೆಯುವಾಗ ನಡುವೆ ‘ಗ’ ಅಕ್ಷರ ಬರುತ್ತದೆ, ಅದಕ್ಕೇ ನಮ್ಮ ಕಡೆ ‘ಡೋಗನ್’ ಅಂತ ಓದುವವರೇ ಜಾಸ್ತಿ. ಟರ್ಕಿಯವರು ಆ ಅಕ್ಷರವನ್ನು ಬಾಯಲ್ಲಿ ನುಂಗಿಬಿಡುತ್ತಾರೆ. ಹುಟ್ಟಿದ್ದು 1989ರಲ್ಲಿ, ದೇಶದ ಆಗ್ನೇಯ ಭಾಗದ ದಿಯಾರ್‌ಬಕಿರ್ ನಗರದಲ್ಲಿ. ‘ಟರ್ಕಿಯ ಕಲಾವಿದೆ’ ಅಂತ ಎಲ್ಲ ಕಡೆ ಬರೆಯುತ್ತಾರೆ. ದೇಶದ ಲೆಕ್ಕದಲ್ಲಿ ಅದು ಸರಿ. ಆದರೆ ಅವರು ಕುರ್ದ್ ಸಮುದಾಯದವರು, ಟರ್ಕಿಯಲ್ಲಿ ಬೇರೆಯೇ ಭಾಷೆಯ ಅಲ್ಪಸಂಖ್ಯಾತರು. ಈ ಕಥೆಯಲ್ಲಿ ಅದು ಸಣ್ಣ ವಿಷಯವಲ್ಲ.

ಅಲ್ಲಿನ ದಿಜ್ಲೆ ವಿಶ್ವವಿದ್ಯಾಲಯದಲ್ಲಿ ಚಿತ್ರಕಲೆ ಓದಿದರು. ಕೈ ಹಾಕಿದ್ದು ಮಾತ್ರ ಪತ್ರಿಕೆ ಕೆಲಸಕ್ಕೂ. 2012ರ ಮಾರ್ಚ್ 8ರಂದು, ಮಹಿಳಾ ದಿನದಂದೇ, ದಿಯಾರ್‌ಬಕಿರ್‌ನಲ್ಲಿ ‘ಜಿನ್‌ಹಾ’ ಅನ್ನುವ ಸುದ್ದಿಸಂಸ್ಥೆ ಶುರುವಾಯಿತು. ಅದನ್ನು ಕಟ್ಟಿದವರಲ್ಲಿ ಜೆಹ್ರಾ ಒಬ್ಬರು. ಕುರ್ದಿಶ್ ಭಾಷೆಯಲ್ಲಿ ‘ಜಿನ್’ ಅಂದರೆ ಹೆಂಗಸು. ಸುದ್ದಿ ತರುವವರು, ಕ್ಯಾಮೆರಾ ಹಿಡಿಯುವವರು, ತಿದ್ದುವವರು ಎಲ್ಲರೂ ಹೆಂಗಸರೇ. ಇಸ್ಲಾಮಿಕ್ ಸ್ಟೇಟ್ ಉಗ್ರರ ಸೆರೆಯಿಂದ ತಪ್ಪಿಸಿಕೊಂಡು ಬಂದ ಯಜೀದಿ ಅನ್ನುವ ಅಲ್ಪಸಂಖ್ಯಾತ ಧರ್ಮದ ಹೆಂಗಸರನ್ನು ಕಂಡು ಮಾತಾಡಿಸಿ ಜೆಹ್ರಾ ಬರೆದ ವರದಿಗೆ 2015ರಲ್ಲಿ ಮೆತಿನ್ ಗೊಕ್ತೆಪೆ ಪ್ರಶಸ್ತಿ ಬಂತು. 1996ರಲ್ಲಿ ಪೊಲೀಸರ ಹೊಡೆತಕ್ಕೆ ಸಿಕ್ಕಿ ಸತ್ತ ಪತ್ರಕರ್ತನೊಬ್ಬನ ಹೆಸರಿನ ಪ್ರಶಸ್ತಿ ಅದು. ಆ ಊರುಗಳಲ್ಲಿ ಪತ್ರಿಕೆ ಕೆಲಸ ಅಂದರೆ ಏನು ಅಂತ ಆ ಹೆಸರೇ ಹೇಳುತ್ತದೆ.

ಈಗ ಚಿತ್ರಕ್ಕೆ ಬರೋಣ.

ನುಸೈಬಿನ್ ಅನ್ನುವ ಊರು ಮಾರ್ದಿನ್ ಪ್ರಾಂತ್ಯದಲ್ಲಿದೆ, ಸಿರಿಯಾದ ಗಡಿಗೆ ಅಂಟಿಕೊಂಡೇ. ಗಡಿಯ ಆ ಕಡೆ ಕಮಿಶ್ಲಿ, ಈ ಕಡೆ ನುಸೈಬಿನ್. 2015ರ ಜುಲೈನಲ್ಲಿ ಟರ್ಕಿ ಸರ್ಕಾರಕ್ಕೂ ಕುರ್ದ್ ಬಂಡುಕೋರರಿಗೂ ನಡುವಿನ ಕದನವಿರಾಮ ಮುರಿದುಬಿತ್ತು. ಹೋರಾಟ ಬೆಟ್ಟದಿಂದ ಊರೊಳಗೆ ಇಳಿಯಿತು. ಬಂಡುಕೋರರ ಜೊತೆಗಿದ್ದ ಹುಡುಗರು ಓಣಿಗಳಲ್ಲಿ ಕಂದಕ ತೋಡಿದರು, ಅಡ್ಡಗೋಡೆ ಹಾಕಿದರು. ಸರ್ಕಾರ ಕರ್ಫ್ಯೂ ಹಾಕಿ ಸೈನ್ಯ ಕಳಿಸಿತು. ನುಸೈಬಿನ್‌ನಲ್ಲಿ 2016ರ ಮಾರ್ಚ್‌ನಲ್ಲಿ ಶುರುವಾದ ಕರ್ಫ್ಯೂ ತಿಂಗಳುಗಟ್ಟಲೆ ನಡೆಯಿತು. ವಿಶ್ವಸಂಸ್ಥೆಯ ಮಾನವ ಹಕ್ಕುಗಳ ಕಚೇರಿ ಆಮೇಲೆ ಕೊಟ್ಟ ವರದಿಯ ಪ್ರಕಾರ ಆ ಒಂದೇ ಊರಿನಲ್ಲಿ 1,786 ಕಟ್ಟಡಗಳು ಬಿದ್ದಿದ್ದವು ಇಲ್ಲವೇ ಜಖಂ ಆಗಿದ್ದವು. ಇಡೀ ಆಗ್ನೇಯ ಭಾಗದಲ್ಲಿ ಸುಮಾರು 2,000 ಜನ ಸತ್ತರು. ಅವರಲ್ಲಿ 800ರಷ್ಟು ಮಂದಿ ಸರ್ಕಾರದ ಕಡೆಯ ಸೈನಿಕರು, ಪೊಲೀಸರು. ಎರಡೂ ಕಡೆಯ ಲೆಕ್ಕ ಇಟ್ಟುಕೊಂಡು ನೋಡಿದರೇ ಕೋರ್ಟಿನ ಸಿಟ್ಟು ಎಲ್ಲಿಂದ ಬಂತು ಅಂತ ಗೊತ್ತಾಗುತ್ತದೆ. ಸಿಟ್ಟು ಗೊತ್ತಾದ ಮಾತ್ರಕ್ಕೆ ಶಿಕ್ಷೆ ಸರಿ ಅಂತಲ್ಲ.

ಜೆಹ್ರಾ ಆ ಊರಿನಲ್ಲಿದ್ದು ಸುದ್ದಿ ಮಾಡುತ್ತಿದ್ದರು. ಅಷ್ಟರಲ್ಲಿ ಒಂದು ಫೋಟೋ ಸೋಷಿಯಲ್ ಮೀಡಿಯಾದಲ್ಲಿ ಓಡಾಡತೊಡಗಿತು. ಪುಡಿಯಾದ ನುಸೈಬಿನ್, ಮುರಿದ ಕಟ್ಟಡಗಳ ಮೇಲೆ ಇಳಿಬಿಟ್ಟ ದೊಡ್ಡ ದೊಡ್ಡ ಟರ್ಕಿ ಬಾವುಟಗಳು. ಅದನ್ನು ತೆಗೆದು ಹಂಚಿದ್ದು ಭದ್ರತಾ ಪಡೆಯವರೇ, ಗೆದ್ದ ಹೆಮ್ಮೆಯಲ್ಲಿ. ಜೆಹ್ರಾ ಆ ಫೋಟೋವನ್ನೇ ಇಟ್ಟುಕೊಂಡು ಡಿಜಿಟಲ್ ಆಗಿ ಒಂದು ಚಿತ್ರ ಬರೆದರು. ಕಟ್ಟಡಗಳು ಅವೇ. ಬಾವುಟಗಳೂ ಅವೇ. ಬದಲಾಗಿದ್ದು ಸೈನ್ಯದ ಗಾಡಿಗಳು ಮಾತ್ರ. ಅವು ಚೇಳಿನಂಥ ಪ್ರಾಣಿಗಳಾಗಿ ಜನರನ್ನು ತಿನ್ನುತ್ತಿವೆ. ಇಲ್ಲೊಂದು ಸೂಕ್ಷ್ಮ ಇದೆ. ಟರ್ಕಿಯ ಪಡೆಗಳು ಬಳಸುವ ಒಂದು ಬಗೆಯ ಉಕ್ಕಿನ ಕವಚದ ಗಾಡಿಗೆ ಹೆಸರೇ ‘ಅಕ್ರೆಪ್’. ಅಂದರೆ ಚೇಳು. ಹೊರಗಿನವರಿಗೆ ಅದು ಬರೀ ಕಲ್ಪನೆಯಾಗಿ ಕಾಣುತ್ತದೆ. ಆ ಗಾಡಿಗಳು ಓಣಿಯಲ್ಲಿ ಓಡಾಡುವುದನ್ನು ನೋಡಿದವರಿಗೆ ಹಾಗೆ ಕಾಣಲಿಕ್ಕಿಲ್ಲ.

ಅಂದರೆ ಫೋಟೋ ಹಂಚಿದವರಿಗೆ ಏನೂ ಆಗಲಿಲ್ಲ. ಅದೇ ಫೋಟೋ ನೋಡಿ ಚಿತ್ರ ಬರೆದವರಿಗೆ ಜೈಲು. ತೀರ್ಪಾದ ಮೇಲೆ ಜೆಹ್ರಾ ಹೇಳಿದ್ದರ ತಿರುಳೂ ಇದೇ: ಊರನ್ನು ಹಾಗೆ ಮಾಡಿದ್ದು ಅವರು, ನಾನು ಬರೆದೆ ಅಷ್ಟೆ.

ಕನ್ನಡದಲ್ಲಿ ನಾವು ಸುದ್ದಿಯನ್ನೂ ‘ಬರೆಯುತ್ತೇವೆ’, ಚಿತ್ರವನ್ನೂ ‘ಬರೆಯುತ್ತೇವೆ’. ಎರಡಕ್ಕೂ ಒಂದೇ ಕ್ರಿಯಾಪದ ಸಾಕು. ಜೆಹ್ರಾ ಕೆಲಸವೂ ಹಾಗೇ ಇತ್ತು. ಕೋರ್ಟೂ ಎರಡನ್ನೂ ಬೇರೆ ಮಾಡಲಿಲ್ಲ ಅನ್ನುವುದೇ ತಮಾಷೆ. ಹತ್ತು ವರ್ಷದ ಹುಡುಗಿಯೊಬ್ಬಳು ಬರೆದ ಮಾತುಗಳನ್ನು ಹಾಕಿದ ಸುದ್ದಿ ಒಂದು ಪುರಾವೆ. ಚೇಳಿನ ಚಿತ್ರ ಇನ್ನೊಂದು ಪುರಾವೆ. ಹಾಗಾಗಿ ‘ಚಿತ್ರಕ್ಕೋ, ಸುದ್ದಿಗೋ’ ಅಂತ ಬಿಡಿಸಿ ಕೇಳುವುದಕ್ಕಿಂತ, ಆ ಊರಲ್ಲಿ ಕಂಡದ್ದನ್ನು ಬರೆದಿದ್ದಕ್ಕೆ ಜೈಲು ಅಂದರೆ ಹೆಚ್ಚು ಸರಿ ಅಂತ ನನಗನಿಸುತ್ತದೆ.

ಬಂಧನ ಆಗಿದ್ದು 2016ರ ಜುಲೈನಲ್ಲಿ, ನುಸೈಬಿನ್‌ನಲ್ಲಿ. ಅದೇ ತಿಂಗಳ 15ರಂದು ಸೈನ್ಯದ ಒಂದು ಗುಂಪು ಸರ್ಕಾರ ಉರುಳಿಸಲು ಹೋಗಿ ಸೋತಿತ್ತು. ತುರ್ತುಪರಿಸ್ಥಿತಿ ಜಾರಿಯಾಗಿತ್ತು. ಆ ವರ್ಷದ ಕೊನೆಗೆ ಪತ್ರಕರ್ತರ ರಕ್ಷಣಾ ಸಮಿತಿ ಲೆಕ್ಕ ಹಾಕಿದಾಗ ಟರ್ಕಿಯ ಜೈಲುಗಳಲ್ಲಿ 81 ಪತ್ರಕರ್ತರಿದ್ದರು. ಜೆಹ್ರಾ ಒಳಗಿದ್ದಾಗಲೇ, ಅಕ್ಟೋಬರ್‌ನಲ್ಲಿ, ಸರ್ಕಾರ ಒಂದು ಆದೇಶ ಹೊರಡಿಸಿ ಜಿನ್‌ಹಾವನ್ನು ಮುಚ್ಚಿಸಿತು. ಅಲ್ಲಿನ ಹೆಂಗಸರು ಸುಮ್ನೆ ಕೂರಲಿಲ್ಲ. ‘ಶೂಜಿನ್’ ಅಂತ ಇನ್ನೊಂದು ಪತ್ರಿಕೆ ತೆರೆದರು. ಶೂಜಿನ್ ಅಂದರೆ ನಮ್ಮ ದಬ್ಬಳ, ಗೋಣಿಚೀಲ ಹೊಲಿಯುವ ದಪ್ಪ ಸೂಜಿ. ಆ ಪದದೊಳಗೂ ‘ಜಿನ್’ ಕೂತಿರುವುದನ್ನು ಗಮನಿಸಿ. ಅದನ್ನೂ 2017ರ ಆಗಸ್ಟ್‌ನಲ್ಲಿ ಮುಚ್ಚಿಸಿದರು.

2016ರ ಡಿಸೆಂಬರ್‌ನಲ್ಲಿ ಜೆಹ್ರಾರನ್ನು ಬಿಟ್ಟರು, ಮಾರ್ಚ್‌ನಲ್ಲಿ ತೀರ್ಪು ಬಂತು, ಮೇಲ್ಮನವಿ ವಜಾ ಆಯಿತು. 2017ರ ಜೂನ್‌ನಲ್ಲಿ ಮತ್ತೆ ಒಳಗೆ. ಮೊದಲು ದಿಯಾರ್‌ಬಕಿರ್ ಜೈಲು, ಆಮೇಲೆ ತಾರ್ಸುಸ್ ಅನ್ನುವ ಊರಿನ ಜೈಲು.

ಜೈಲಿನ ದಿನಗಳೇ ನನಗೆ ಈ ಕಥೆಯಲ್ಲಿ ಎಲ್ಲಕ್ಕಿಂತ ಹಿಡಿಸಿದ್ದು. ಮೊದಲ ಸಲ ಮಾರ್ದಿನ್ ಜೈಲಿನಲ್ಲಿದ್ದಾಗ ‘ಒಜ್‌ಗುರ್ ಗುಂದೆಮ್’ ಅನ್ನುವ ಕುರ್ದ್ ಪರ ಪತ್ರಿಕೆಯನ್ನು ಹೊರಗೆ ಸರ್ಕಾರ ಮುಚ್ಚಿಸಿತು. ಒಳಗಿದ್ದ ಹೆಂಗಸರು ಅದೇ ಹೆಸರಿಗೆ ‘ಜಿಂದಾನ್’, ಅಂದರೆ ಸೆರೆಮನೆ, ಅಂತ ಸೇರಿಸಿ ಕೈಬರಹದ ಪತ್ರಿಕೆ ತಂದರು. ಸುದ್ದಿ ಇತ್ತು, ವ್ಯಂಗ್ಯಚಿತ್ರ ಇತ್ತು. ಫೋಟೋ ಹಾಕುವ ಜಾಗದಲ್ಲಿ ಕೈಯಲ್ಲಿ ಬರೆದ ಚಿತ್ರ.

ಎರಡನೆಯ ಸಲ ಬಣ್ಣ ಕೊಡಲಿಲ್ಲ. ಕ್ಯಾನ್‌ವಾಸ್ ಮಾತಂತೂ ದೂರ. ಆಗ ಅಡುಗೆಯ ಸಾಮಾನುಗಳೇ ಬಣ್ಣವಾದವು. ಅರಿಶಿನ, ದಾಳಿಂಬೆ, ಕಾಫಿ, ಟೀ. ಮುಟ್ಟಿನ ರಕ್ತವೂ. ಯಾವುದನ್ನು ಹೆಂಗಸರು ಮುಚ್ಚಿಡಬೇಕು ಅಂತ ಕಲಿಸುತ್ತಾರೋ ಅದರಲ್ಲೇ ಚಿತ್ರ ಬರೆದರು. ಅಂಗಳಕ್ಕೆ ಬಿದ್ದ ಹಕ್ಕಿ ಗರಿ, ತಮ್ಮದೇ ತಲೆಗೂದಲು ಬ್ರಷ್ ಆದವು. ಹಳೆ ಪತ್ರಿಕೆ, ಹಾಸಿಗೆ ಬಟ್ಟೆ, ಉಡುಪುಗಳ ಮೇಲೆ ಬರೆದರು. ಕೆಲವು ಸಿಕ್ಕಿಬಿದ್ದು ಜೈಲಿನವರ ಪಾಲಾದವು. ಉಳಿದವು ಗುಟ್ಟಾಗಿ ಹೊರಗೆ ಬಂದವು.

2018ರ ಮಾರ್ಚ್‌ನಲ್ಲಿ ನ್ಯೂಯಾರ್ಕಿನ ಮ್ಯಾನ್‌ಹಟನ್‌ನಲ್ಲಿ ಸುಮಾರು 70 ಅಡಿ ಉದ್ದದ ಗೋಡೆಯೊಂದರ ಮೇಲೆ ಬ್ಯಾಂಕ್ಸಿ ಅನ್ನುವ ಗೋಡೆಚಿತ್ರಕಾರ ಜೆಹ್ರಾರನ್ನು ತಂದು ನಿಲ್ಲಿಸಿದ. ಕೈದಿಗಳು ದಿನ ಎಣಿಸಲು ಗೋಡೆ ಮೇಲೆ ಗೀಚುವ ಗೆರೆಗಳಿವೆಯಲ್ಲ, ನಾಲ್ಕು ನಿಂತ ಗೆರೆ, ಅಡ್ಡಕ್ಕೆ ಒಂದು? ಇಡೀ ಗೋಡೆ ಅವೇ. ಒಂದು ಕಡೆ ಆ ಗೆರೆಗಳು ಕಂಬಿಗಳಾಗಿ ಹಿಂದೆ ಜೆಹ್ರಾ ಮುಖ ಕಾಣುತ್ತದೆ. ಅವರು ಹಿಡಿದ ಕಂಬಿಗಳಲ್ಲಿ ಒಂದು ಪೆನ್ಸಿಲ್. ನೀವು ಓದಿದ ‘ಒಂದೇ ಚಿತ್ರಕ್ಕೆ’ ಅನ್ನುವ ಮಾತು ಜಗತ್ತಿಗೆಲ್ಲ ಹರಡಿದ್ದು ಬಹುಪಾಲು ಈ ಗೋಡೆಯಿಂದಲೇ. ಗೋಡೆಯ ಮೇಲೆ ಕೇಸಿನ ಕಡತ ಪೂರ್ತಿ ಬರೆಯಲಾಗುವುದಿಲ್ಲ ಬಿಡಿ.

2019ರ ಫೆಬ್ರವರಿ 24ರಂದು ಬಿಡುಗಡೆಯಾಯಿತು. ಅದೇ ವರ್ಷದ ಮೇ ತಿಂಗಳಲ್ಲಿ ಲಂಡನ್ನಿನ ಟೇಟ್ ಮಾಡರ್ನ್ ಅನ್ನುವ ಕಲಾ ಸಂಗ್ರಹಾಲಯದಲ್ಲಿ ಅವರ ಪ್ರದರ್ಶನ. ಅದಕ್ಕೆ ಕೊಟ್ಟ ಕುರ್ದಿಶ್ ಹೆಸರಿನ ಅರ್ಥ ‘ಹಿಂದೆ ಉಳಿದದ್ದು’. ಪಾಳು ಬಿದ್ದ ಊರುಗಳಿಂದ ಆಯ್ದು ತಂದ ವಸ್ತುಗಳನ್ನೇ ಅಲ್ಲಿ ಇಟ್ಟಿದ್ದರು. ಅವರು ಮತ್ತೆ ಟರ್ಕಿಯಲ್ಲಿ ನೆಲೆಸಲಿಲ್ಲ, ಯೂರೋಪಿನಲ್ಲೇ ಉಳಿದು ಕೆಲಸ ಮುಂದುವರಿಸಿದರು.

ಅವರ ಚಿತ್ರಗಳು ಮಾತ್ರ ಇಸ್ತಾಂಬುಲ್‌ಗೆ ಹೋದವು. ಜೈಲಿಗೆ ನಾಜ್ ಒಕೆ ಅನ್ನುವ ಗೆಳತಿ ಕಾಗದ ಬರೆಯುತ್ತಿದ್ದರು. ಒಂದು ಮಗ್ಗುಲಲ್ಲಿ ಮಾತ್ರ ಬರೆದು ಇನ್ನೊಂದನ್ನು ಖಾಲಿ ಬಿಡುತ್ತಿದ್ದರು. ಆ ಖಾಲಿ ಮಗ್ಗುಲಲ್ಲಿ ಜೆಹ್ರಾ ಜೈಲಿನ ಕಥೆಯನ್ನು ಚಿತ್ರಗಳಲ್ಲಿ ಬರೆದರು. ಆಮೇಲೆ ಅವು ಫ್ರಾನ್ಸಿನಲ್ಲಿ ಪುಸ್ತಕವಾಗಿಯೂ ಬಂದವು. 2020ರಲ್ಲಿ ಇಸ್ತಾಂಬುಲ್‌ನ ‘ಕಿರಾಅತ್‌ಹಾನೆ’ಯಲ್ಲಿ ಅವರ ಜೈಲಿನ ಕೆಲಸಗಳ ಪ್ರದರ್ಶನ ನಡೆಯಿತು. ಆ ಪದದ ಅರ್ಥ ಓದುವ ಮನೆ. ನಮ್ಮ ಕಾರ್ಖಾನೆ, ದವಾಖಾನೆಗಳಲ್ಲಿ ಇರುವ ‘ಖಾನೆ’ಯೇ ಅದು.

ಟರ್ಕಿಯ ಜೈಲುಗಳಲ್ಲಿ ಕೈದಿಗಳ ಕಾಗದವನ್ನು ಅಧಿಕಾರಿಗಳು ಮೊದಲು ಓದುತ್ತಾರೆ. ಓದಿದ ಗುರುತಿಗೆ ಒಂದು ಮುದ್ರೆ ಒತ್ತುತ್ತಾರೆ: ‘ನೋಡಲಾಗಿದೆ’. ಜೆಹ್ರಾ ಇಸ್ತಾಂಬುಲ್ ಪ್ರದರ್ಶನಕ್ಕೆ ಇಟ್ಟ ಹೆಸರು ‘ನೋಡಿಲ್ಲ’.